ಸಾಹೇಬರ ಆರ್ಡರ್

ಆರ್.ಟಿ. ನಗರದ ಒಂದು ಮನೆ. ಬೆಳಗಿನ ಏಳು ಗಂಟೆ. ಮಗಳು ಅಂದು ಕಾರು ಚಾಲನೆಯ ಪರೀಕ್ಷೆಗೆ ಹೋಗಬೇಕು. ಅಜ್ಜಿ ಮೊಮ್ಮಗಳ ಕೈಗೆ ಮೊಸರು ಸಕ್ಕರೆ ಹಾಕಿದ್ದಾರೆ. ತಾಯಿ ಕಾಗದಪತ್ರಗಳನ್ನು ಮೂರನೆಯ ಸಲ ಎಣಿಸಿ ನೋಡಿದ್ದಾರೆ. ಅಷ್ಟರಲ್ಲಿ ಡ್ರೈವಿಂಗ್ ಸ್ಕೂಲಿನ ಮೇಷ್ಟ್ರು ಬಾಗಿಲಲ್ಲಿ ನಿಂತು, "ಇವತ್ತಿನಿಂದ ಟೆಸ್ಟಿನ ಕ್ರಮವೇ ಬೇರೆಯಂತಮ್ಮ, ಸಾಹೇಬರ ಆರ್ಡರ್ ಆಗಿದೆಯಂತೆ" ಎನ್ನುತ್ತಾರೆ. ಮಗಳ ಮುಖ ಬಾಡುತ್ತದೆ. ಪತ್ರಿಕೆಯಿಂದ ತಲೆಯೆತ್ತಿದ ತಂದೆ ಒಂದು ಮಾತು ಕೇಳುತ್ತಾರೆ: "ಪರೀಕ್ಷೆ ಮಾಡುವುದು ಸಾಹೇಬರ ಕೆಲಸ, ಒಪ್ಪಿದೆ. ಪರೀಕ್ಷೆ ಹೇಗಿರಬೇಕೆಂದು ಗೊತ್ತುಮಾಡುವುದೂ ಅವರ ಕೆಲಸವೇ?"

ಮನೆ ಕಲ್ಪನೆಯದು, ಪ್ರಶ್ನೆ ಮಾತ್ರ ನಿಜವಾದದ್ದು. ಉಚ್ಚ ನ್ಯಾಯಾಲಯದ ಮೆಟ್ಟಿಲನ್ನು ಹತ್ತಿ ಉತ್ತರ ಪಡೆದು ಬಂದ ಪ್ರಶ್ನೆ ಅದು.

ಲೈಸೆನ್ಸು ಕೊಡುವ ಅಧಿಕಾರಿಗೆ ಆ ಅಧಿಕಾರ ಬಂದಿರುವುದು 1988ರ ಮೋಟಾರು ವಾಹನ ಕಾಯಿದೆಯಿಂದ. ಯಶವಂತಪುರದ ಕಚೇರಿಯಿರಲಿ, ಯಲಹಂಕದ ಕಚೇರಿಯಿರಲಿ, ಅಲ್ಲಿ ಕುಳಿತವರು ರಾಜ್ಯ ಸರ್ಕಾರ ನೇಮಿಸಿದವರು. ಆದರೆ ಅಭ್ಯರ್ಥಿಯ ಯೋಗ್ಯತೆಯನ್ನು ಅಳೆಯುವ ಕೋಲನ್ನು ಕಾಯಿದೆ ಅವರ ಕೈಗೆ ಬಿಟ್ಟಿಲ್ಲ. ಕೇಂದ್ರ ಸರ್ಕಾರ ಗೊತ್ತುಪಡಿಸಿದ ಪರೀಕ್ಷೆಯಲ್ಲಿ ಅಭ್ಯರ್ಥಿ ತೇರ್ಗಡೆಯಾಗಬೇಕು ಎಂಬುದು ಅದರ 9ನೆಯ ಕಲಮಿನ ಮಾತು. ಆ ಪರೀಕ್ಷೆ ಯಾವುದೆಂಬುದನ್ನು 1989ರ ಕೇಂದ್ರ ಮೋಟಾರು ವಾಹನ ನಿಯಮಗಳಲ್ಲಿ 15ನೆಯದು ವಿವರಿಸುತ್ತದೆ. ಕಲಿಕಾ ಲೈಸೆನ್ಸು ದೊರೆತು 30 ದಿನ ಕಳೆದಿರಬೇಕು. ಹಿಂದಿನದನ್ನು ತೋರುವ ಕನ್ನಡಿಯನ್ನು ಸರಿಪಡಿಸಿಕೊಳ್ಳುವುದು, ಏರಿನಲ್ಲಿ ನಿಲ್ಲಿಸಿದ ಗಾಡಿಯನ್ನು ಹಿಂದಕ್ಕೆ ಜಾರದಂತೆ ಮುಂದೆ ಸಾಗಿಸುವುದು, ತಿರುವುಗಳಲ್ಲಿ ಸರಿಯಾಗಿ ತಿರುಗುವುದು, ತುರ್ತಿನಲ್ಲಿ ತಟ್ಟನೆ ನಿಲ್ಲಿಸುವುದು, ಹತೋಟಿ ತಪ್ಪದೆ ಹಿಮ್ಮುಖವಾಗಿ ನಡೆಸುವುದು ಮೊದಲಾದ ಕೌಶಲಗಳನ್ನು ಆ ನಿಯಮ ಒಂದೊಂದಾಗಿ ಎಣಿಸಿ ಹೇಳಿದೆ. ಮೂರು ಸಲ ಸೋತವರು ಕೊನೆಯ ಪರೀಕ್ಷೆಯಿಂದ 60 ದಿನ ಕಾಯಬೇಕೆಂಬುದನ್ನೂ ಕಾಯಿದೆಯೇ ಹೇಳುತ್ತದೆ. ಅದು ಅಧಿಕಾರಿಯ ಕೋಪದ ಫಲವಲ್ಲ.

ಹಾಗಾದರೆ ಅಧಿಕಾರಿಗೆ ಉಳಿದದ್ದೇನು? ಬಹಳವೇ ಉಳಿದಿದೆ. ಅಭ್ಯರ್ಥಿಯ ಕೈ ಪಳಗಿದೆಯೇ ಇಲ್ಲವೇ ಎಂದು ನಿರ್ಣಯಿಸುವವರು ಅವರೇ. ಪರೀಕ್ಷೆಯ ದಿನ, ವೇಳೆ, ಸ್ಥಳಗಳ ಏರ್ಪಾಡೂ ಅವರದೇ. ಆದರೆ ಏರ್ಪಾಡು ಬೇರೆ, ವಿಧಿಸುವುದು ಬೇರೆ. ಇವೆರಡರ ನಡುವಿನ ಗೆರೆಯೇ ನೆರೆಯ ಕೇರಳದಲ್ಲಿ ವ್ಯಾಜ್ಯಕ್ಕೆ ಕಾರಣವಾಯಿತು.

2024ರ ಫೆಬ್ರವರಿಯಲ್ಲಿ ಅಲ್ಲಿಯ ಸಾರಿಗೆ ಆಯುಕ್ತರು ಒಂದು ಸುತ್ತೋಲೆ ಹೊರಡಿಸಿದರು. ಮೈದಾನದಲ್ಲಿ ನಡೆಯುತ್ತಿದ್ದ 'ಎಚ್' ಆಕಾರದ ಪರೀಕ್ಷೆಗೆ ಬದಲಾಗಿ ಬೇರೆ ಪರೀಕ್ಷೆಗಳು, ದಿನವೊಂದಕ್ಕೆ 30 ಪರೀಕ್ಷೆಗಳ ಮಿತಿ, 15 ವರ್ಷ ಮೀರಿದ ವಾಹನಗಳಿಗೆ ನಿಷೇಧ, ಪರೀಕ್ಷೆಯನ್ನು ಚಿತ್ರೀಕರಿಸಲು ಕ್ಯಾಮೆರಾ: ಹೀಗೆ ಅದರ ಪಟ್ಟಿ ಸಾಗಿತ್ತು. ಮೇ ತಿಂಗಳಿನಲ್ಲಿ ಡ್ರೈವಿಂಗ್ ಸ್ಕೂಲುಗಳವರು ಪರೀಕ್ಷೆಗಳನ್ನು ಬಹಿಷ್ಕರಿಸಿದರು. 30ರ ಮಿತಿ 40ಕ್ಕೆ ಏರಿತು. ಮಂಜೇಶ್ವರ, ಕುಂಬಳೆಗಳ ಕನ್ನಡ ಮನೆಗಳ ಮಕ್ಕಳಿಗೂ ಅನ್ವಯಿಸುತ್ತಿದ್ದ ಈ ಸುತ್ತೋಲೆಯನ್ನು 2025ರ ಜುಲೈಯಲ್ಲಿ ಕೇರಳ ಉಚ್ಚ ನ್ಯಾಯಾಲಯ ರದ್ದುಪಡಿಸಿತು. ಪರೀಕ್ಷೆಯ ಸ್ವರೂಪವನ್ನು ನಿಯಮದ ಮೂಲಕ ಗೊತ್ತುಪಡಿಸುವ ಅಧಿಕಾರ ಕೇಂದ್ರದ್ದು. ಆಯುಕ್ತರ ಸುತ್ತೋಲೆ ಆ ಸ್ಥಾನವನ್ನು ಆಕ್ರಮಿಸಲಾರದು ಎಂಬುದೇ ಕಾರಣ. ಬೆಂಗಳೂರಿನಲ್ಲಿ ನಡೆಯುವುದೂ ಅದೇ ಕಾಯಿದೆ, ಅದೇ ನಿಯಮ.

ಈ ತತ್ತ್ವ ಹೊಸದೇನೂ ಅಲ್ಲ. ಮೈಸೂರು ರಾಜ್ಯದ ಲೋಕೋಪಯೋಗಿ ಇಲಾಖೆಯ ಇಂಜಿನಿಯರುಗಳ ನೇಮಕವನ್ನು ಕುರಿತ ಮೊಕದ್ದಮೆಯೊಂದರಲ್ಲಿ, 1966ರಲ್ಲಿಯೇ ಸರ್ವೋಚ್ಚ ನ್ಯಾಯಾಲಯ ಇದನ್ನು ಸ್ಪಷ್ಟಪಡಿಸಿತ್ತು. ನಿಯಮವಿಲ್ಲದ ಕಡೆ ಸರ್ಕಾರ ತನ್ನ ಆಡಳಿತಾಧಿಕಾರದಿಂದ ನಡೆಯಬಹುದು. ಕಾಯಿದೆಯೋ ನಿಯಮವೋ ಇರುವ ಕಡೆ ಅದನ್ನು ಮೀರಿ ನಡೆಯುವಂತಿಲ್ಲ.

ಇಲ್ಲೊಂದು ಆಕ್ಷೇಪ ಸಹಜವಾಗಿಯೇ ಏಳುತ್ತದೆ. ಹೆಬ್ಬಾಳದ ಮೇಲುಸೇತುವೆಯ ಬಳಿ ಸಂಜೆಯ ಹೊತ್ತು ನಿಂತು ವಾಹನಗಳ ಪ್ರವಾಹವನ್ನು ನೋಡಿದವರು, ಪರೀಕ್ಷೆ ಇನ್ನಷ್ಟು ಕಠಿಣವಾಗಲಿ ಎಂದೇ ಹಾರೈಸಿಯಾರು. ಬಿಗಿ ಮಾಡಹೊರಟ ಅಧಿಕಾರಿಯ ಕೈಯನ್ನು ಕಾನೂನು ಏಕೆ ಕಟ್ಟಬೇಕು? ಅವರ ಉದ್ದೇಶ ಒಳ್ಳೆಯದೇ ಅಲ್ಲವೇ?

ಒಳ್ಳೆಯದೇ ಇದ್ದೀತು. ಆದರೆ ಒಂದೇ ಸುತ್ತೋಲೆಯಿಂದ ಪರೀಕ್ಷೆಯನ್ನು ಬಿಗಿಗೊಳಿಸಬಲ್ಲ ಕೈ, ನಾಳೆ ಇನ್ನೊಂದು ಸುತ್ತೋಲೆಯಿಂದ ಅದನ್ನು ಸಡಿಲಗೊಳಿಸಲೂ ಬಲ್ಲದು. ಈ ಕಾಯಿದೆಯಡಿ ನಿಯಮ ಮಾಡಬೇಕಾದರೆ ಕರಡನ್ನು ಮೊದಲು ಪ್ರಕಟಿಸಬೇಕು. ಜನರಿಂದ ಬರುವ ಆಕ್ಷೇಪಗಳನ್ನು ಪರಿಶೀಲಿಸಬೇಕು. ಆರ್.ಟಿ. ನಗರದ ತಂದೆಗೂ ಡ್ರೈವಿಂಗ್ ಸ್ಕೂಲಿನ ಮೇಷ್ಟ್ರಿಗೂ ಮಾತನಾಡಲು ಅವಕಾಶವಿರುವುದು ಆಗಲೇ. ಸುತ್ತೋಲೆಗೆ ಅಂಥ ಕಟ್ಟಿಲ್ಲ. ಅದು ರಾತ್ರಿ ಹೊರಟು ಬೆಳಗಾಗುವಷ್ಟರಲ್ಲಿ ಬಾಗಿಲಿಗೆ ಬಂದು ನಿಲ್ಲಬಹುದು.

ಬದಲಾವಣೆಗೆ ದಾರಿಯೇ ಇಲ್ಲವೆಂದಲ್ಲ. ಮಾನ್ಯತೆ ಪಡೆದ ತರಬೇತಿ ಕೇಂದ್ರಗಳಲ್ಲಿ ಕಲಿತು ಪ್ರಮಾಣಪತ್ರ ತಂದವರಿಗೆ ಕಚೇರಿಯ ಚಾಲನಾ ಪರೀಕ್ಷೆಯಿಂದ ವಿನಾಯಿತಿ ಕೊಡುವ ದೊಡ್ಡ ಬದಲಾವಣೆಯನ್ನು ಕೇಂದ್ರ ಸರ್ಕಾರ ನಿಯಮಗಳ ತಿದ್ದುಪಡಿಯ ಮೂಲಕವೇ ಮಾಡಿತು. 2021ರ ಜುಲೈ 1ರಿಂದ ಅದು ಜಾರಿಗೆ ಬಂದಿತು. ಆಗಲೂ ಲೈಸೆನ್ಸು ಕೊಡುವ ಅಧಿಕಾರ ಕಚೇರಿಯಲ್ಲಿಯೇ ಉಳಿಯಿತು.

ಆದಕಾರಣ, ಬಾಡಿದ ಮುಖದ ಆ ಮಗಳು ಅಂಜಬೇಕಾಗಿಲ್ಲ. "ಹೊಸ ಆರ್ಡರ್" ಎಂಬ ಮಾತು ಕಿವಿಗೆ ಬಿದ್ದರೆ, ಅದು ಯಾವ ನಿಯಮದ ಆಧಾರದ ಮೇಲೆ ಹೊರಟದ್ದೆಂದು ವಿನಯದಿಂದ ಕೇಳಬಹುದು, ಕೇಳುವುದು ಉದ್ಧಟತನವಲ್ಲ. ಹಾಗೆಂದು ಏರಿನಲ್ಲಿ ಗಾಡಿ ಹಿಂದಕ್ಕೆ ಜಾರಿದರೆ ಕಾನೂನಿನ ಪುಸ್ತಕ ಅದನ್ನು ಹಿಡಿದು ನಿಲ್ಲಿಸದು. ನಿಯಮ ಕೇಳುವ ಕೌಶಲವನ್ನು ಅವಳೇ ತೋರಬೇಕು. ಅದನ್ನು ತೋರಿದ ಮೇಲೆ, ನಿಯಮದಲ್ಲಿಲ್ಲದ್ದನ್ನು ಅವಳಿಂದ ಕೇಳದಿರುವುದು ಪರೀಕ್ಷಕರ ಧರ್ಮ.