ಖರ್ಚನ್ನು ಅಳೆದರೆ ಸಮಾನತೆ ಬಂದೀತೆ?

ಜಗತ್ತಿನಲ್ಲಿ ಅತ್ಯಂತ ಸಮಾನತೆಯುಳ್ಳ ದೇಶಗಳ ಪೈಕಿ ಭಾರತವು ನಾಲ್ಕನೆಯದೆಂದು 2025ರ ಜುಲೈ ತಿಂಗಳಲ್ಲಿ ಕೇಂದ್ರ ಸರ್ಕಾರದವರು ಪ್ರಕಟಣೆ ಹೊರಡಿಸಿದರು. ಸ್ಲೊವಾಕಿಯಾ, ಸ್ಲೊವೇನಿಯಾ, ಬೆಲಾರೂಸ್ ಎಂಬ ಮೂರು ದೇಶಗಳು ಮಾತ್ರ ನಮಗಿಂತ ಮುಂದೆ. ಅಮೆರಿಕವು ಬಹಳ ಹಿಂದೆ! ಅರಸೀಕೆರೆಯ ಮಂಡಿಯಲ್ಲಿ ಕೊಬ್ಬರಿ ಮೂಟೆ ಹೊರುವ ಹಮಾಲಿಯೂ, ಬೇಲೂರಿನ ಮಲೆನಾಡ ಸೆರಗಿನ ತೋಟಗಳಲ್ಲಿ ಕಾಫಿ ಹಣ್ಣು ಬಿಡಿಸುವ ಹೆಣ್ಣಾಳೂ, ಹಳೇಬೀಡಿನ ದೇವಾಲಯದ ಮುಂದೆ ಎಳನೀರು ಮಾರುವವನೂ ಈ ಸುದ್ದಿ ಕೇಳಿ ಹಿಗ್ಗಬೇಕೋ, ಬೆರಗಾಗಬೇಕೋ? ಅಂಕಿಯೇ ಸುಳ್ಳೆಂದು ತಳ್ಳಿಹಾಕುವುದು ಸುಲಭ. ಆದರೆ ದುಡಿಯುವ ಜನರಿಗೆ ಅದು ಸಾಲದು. ಅಂಕಿ ಹುಟ್ಟಿದ್ದು ಎಲ್ಲಿಂದ, ಅಳೆದದ್ದು ಏನನ್ನು ಎಂದು ಕೇಳುವುದೇ ಸರಿಯಾದ ದಾರಿ.

ಅಸಮಾನತೆಯನ್ನು ಅಳೆಯುವ ಒಂದು ಲೆಕ್ಕವನ್ನು 1912ರಲ್ಲಿ ಇಟಲಿಯ ಕೊರಾಡೊ ಗಿನಿ ಎಂಬ ಪಂಡಿತನು ಹೇಳಿಕೊಟ್ಟನು. ಎಲ್ಲರಿಗೂ ಸಮಪಾಲು ಬಂದರೆ ಸೊನ್ನೆ. ಒಬ್ಬನೇ ಎಲ್ಲವನ್ನೂ ಬಾಚಿಕೊಂಡರೆ ನೂರು. ವಿಶ್ವಬ್ಯಾಂಕಿನವರ ಲೆಕ್ಕದಲ್ಲಿ 2011-12ರಲ್ಲಿ 28.8 ಇದ್ದ ಭಾರತದ ಅಂಕ 2022-23ರಲ್ಲಿ 25.5ಕ್ಕೆ ಇಳಿದಿದೆ. ಅಮೆರಿಕದ್ದು 41.8. ಆದರೆ ಅಮೆರಿಕದ ಅಂಕ ಜನರ ವರಮಾನವನ್ನು ಅಳೆದು ತೆಗೆದದ್ದು. ಭಾರತದ ಅಂಕ ಜನರ ಖರ್ಚನ್ನು ಅಳೆದು ತೆಗೆದದ್ದು. ಒಂದು ಅಂಗಡಿಯಲ್ಲಿ ಕಾಯಿಯನ್ನು ಎಣಿಕೆಯ ಮೇಲೆ, ಇನ್ನೊಂದರಲ್ಲಿ ತೂಕದ ಮೇಲೆ ಕೊಂಡು, ಬರಿಯ ಅಂಕಿಗಳನ್ನು ಪಕ್ಕಪಕ್ಕದಲ್ಲಿಟ್ಟು ಯಾವುದು ಅಗ್ಗವೆಂದು ಕೇಳಿದರೆ ಅರಸೀಕೆರೆಯ ವರ್ತಕನು ನಕ್ಕುಬಿಡುತ್ತಾನೆ. ದೆಹಲಿಯಲ್ಲಿ ಅದೇ ಪ್ರಕಟಣೆಯಾಗುತ್ತದೆ.

ಖರ್ಚಿಗೂ ವರಮಾನಕ್ಕೂ ಏನು ಅಂತರವೆಂದು ಕೇಳುವಿರಾ? ಒಂದು ಲೆಕ್ಕ ಹಾಕಿ ನೋಡೋಣ. ಮಿಲ್ಲಿನ ಕೂಲಿಗಾರನೊಬ್ಬನಿಗೆ ವರ್ಷಕ್ಕೆ 1,80,000 ರೂಪಾಯಿ ಬರುತ್ತದೆ, ಅಷ್ಟೂ ಖರ್ಚಾಗುತ್ತದೆ ಎಂದಿಟ್ಟುಕೊಳ್ಳಿ. ಮಾಲೀಕನಿಗೆ 60 ಲಕ್ಷ ಬರುತ್ತದೆ. ಸಂಸಾರಕ್ಕೆ ಅವನು 12 ಲಕ್ಷ ಖರ್ಚು ಮಾಡುತ್ತಾನೆ. ವರಮಾನವನ್ನು ನೋಡಿದರೆ ಇಬ್ಬರ ನಡುವೆ 33 ಪಟ್ಟು ಅಂತರ. ಖರ್ಚನ್ನು ನೋಡಿದರೆ ಏಳು ಪಟ್ಟೂ ಇಲ್ಲ! ಮಾಲೀಕನ ಉಳಿದ 48 ಲಕ್ಷವು ನಿವೇಶನವಾಗಿ, ಚಿನ್ನವಾಗಿ, ಷೇರುಗಳಾಗಿ ಈ ಲೆಕ್ಕದಿಂದಲೇ ಮಾಯವಾಗುತ್ತದೆ. ಇನ್ನು ಕೂಲಿಗಾರನ ಮಗುವಿಗೆ ಕಾಯಿಲೆಯಾಗಿ, ಅವನು 60,000 ರೂಪಾಯಿ ಸಾಲ ತಂದು ಆಸ್ಪತ್ರೆಗೆ ಕಟ್ಟಿದನೆನ್ನಿ. ಸಮೀಕ್ಷೆಯವರ ಪುಸ್ತಕದಲ್ಲಿ ಅದೂ ಖರ್ಚೇ. ಅವನ ಖರ್ಚು 2,40,000ಕ್ಕೆ ಏರಿ, ಅಂತರವು ಐದು ಪಟ್ಟಿಗೆ ಇಳಿಯುತ್ತದೆ. ಬಡವನು ಸಾಲದಲ್ಲಿ ಮುಳುಗಿದಷ್ಟೂ ದೇಶದಲ್ಲಿ ಸಮಾನತೆ ಹೆಚ್ಚಿದಂತೆ ತೋರುವ ಈ ಅಳತೆಗೋಲನ್ನು ಹಿಡಿದು ಜಯಘೋಷ ಮಾಡುವುದು ಯಾವ ನ್ಯಾಯ?

ವರಮಾನವನ್ನೇ ಅಳೆದವರೂ ಇದ್ದಾರೆ. ಅವರ ಲೆಕ್ಕದಲ್ಲಿ ಇದೇ ಗಿನಿ ಅಂಕ 2004ರಲ್ಲಿ 52 ಇದ್ದದ್ದು 2023ರಲ್ಲಿ 62ಕ್ಕೆ ಏರಿದೆ. ಸರ್ಕಾರದವರು ಆಧಾರವಾಗಿ ಹಿಡಿದ ವಿಶ್ವಬ್ಯಾಂಕಿನ ಟಿಪ್ಪಣಿಯಲ್ಲಿಯೇ ಈ ಮಾತೂ ಇದೆ; ಪ್ರಕಟಣೆಯಲ್ಲಿ ಅದಕ್ಕೆ ಜಾಗ ಸಿಗಲಿಲ್ಲ. ಫ್ರಾನ್ಸಿನ ಥಾಮಸ್ ಪಿಕೆಟ್ಟಿ ಮತ್ತು ಅವರ ಸಂಗಡಿಗರು 1922ರಿಂದೀಚಿನ ಆದಾಯ ತೆರಿಗೆಯ ಕಡತಗಳನ್ನು ಹಿಡಿದು ಲೆಕ್ಕ ಮಾಡಿದ್ದಾರೆ. ನೂರಕ್ಕೆ ಒಬ್ಬರಾದ ಅತಿ ಶ್ರೀಮಂತರ ಕೈಗೆ 1980ರ ಸುಮಾರಿನಲ್ಲಿ ದೇಶದ ವರಮಾನದ ಶೇಕಡ 6ರಷ್ಟು ಹೋಗುತ್ತಿತ್ತು. 2022-23ರ ಹೊತ್ತಿಗೆ ಅದು ಶೇಕಡ 22.6 ಆಗಿತ್ತು, ಆಸ್ತಿಯಲ್ಲಂತೂ ಅವರ ಪಾಲು ಶೇಕಡ 40.1.

ಈ ಜಗಳ ಇಂದಿನದಲ್ಲ. 1870ರ ದಶಕದಲ್ಲಿ ದಾದಾಭಾಯಿ ನವರೋಜಿಯವರು ಭಾರತೀಯನ ತಲಾ ವರಮಾನ ವರ್ಷಕ್ಕೆ 20 ರೂಪಾಯಿಯೆಂದು ಲೆಕ್ಕ ಮಾಡಿ, ಸೆರೆಮನೆಯ ಕೈದಿಯ ಅನ್ನ ಬಟ್ಟೆಗಾಗುವ ವೆಚ್ಚಕ್ಕಿಂತಲೂ ಅದು ಕಡಿಮೆಯೆಂದು ತೋರಿಸಿಕೊಟ್ಟರು. ಹದಿನಾರಾಣೆ ಸೇರಿದರೆ ಒಂದು ರೂಪಾಯಿ ಎಂಬ ಎಣಿಕೆ ಇನ್ನೂ ಜನರ ಬಾಯಲ್ಲಿದ್ದ 1963ರಲ್ಲಿ ಡಾ. ರಾಮಮನೋಹರ ಲೋಹಿಯಾ ಅವರು, ಈ ದೇಶದ 27 ಕೋಟಿ ಜನ ದಿನಕ್ಕೆ ಮೂರಾಣೆಯಲ್ಲಿ ಜೀವಿಸುತ್ತಿದ್ದಾರೆಂದು ಲೋಕಸಭೆಯಲ್ಲಿ ಗುಡುಗಿದರು. ಅಲ್ಲ, ಹದಿನೈದಾಣೆ ಎಂದರು ಸರ್ಕಾರದವರು. ಹದಿನೈದಾಣೆ ಎಲ್ಲಿಂದ ಬಂತು? ಕೋಟ್ಯಧೀಶನ ವರಮಾನವನ್ನೂ ಕೂಲಿಯವನ ವರಮಾನವನ್ನೂ ಕೂಡಿಸಿ ತಲೆಗೆ ಇಷ್ಟೆಂದು ಹಂಚಿದ ಸರಾಸರಿಯಿಂದ ಬಂತು. ಅಂದು ಸರಾಸರಿಯ ಮರೆ. ಇಂದು ಖರ್ಚಿನ ಮರೆ.

ಸರಾಸರಿಯ ಮಾಟವನ್ನು ಕಾಣಲು ದೆಹಲಿಗೆ ಹೋಗಬೇಕಾಗಿಲ್ಲ. ಡಾ. ಡಿ. ಎಂ. ನಂಜುಂಡಪ್ಪನವರ ಸಮಿತಿಯು 2002ರಲ್ಲಿ 35 ಬಗೆಯ ಅಳತೆಗಳನ್ನಿಟ್ಟು ಕರ್ನಾಟಕದ 175 ತಾಲ್ಲೂಕುಗಳನ್ನು ತೂಗಿ ನೋಡಿ, 114 ಹಿಂದುಳಿದಿವೆಯೆಂದು ವರದಿ ಕೊಟ್ಟಿತು. ಜಿಲ್ಲೆಯನ್ನು ಬಿಟ್ಟು ತಾಲ್ಲೂಕಿನ ಮಟ್ಟಕ್ಕಿಳಿದದ್ದು ದೊಡ್ಡ ಕೆಲಸವೇ ಸರಿ. ಆದರೆ ಬೇಲೂರು ತಾಲ್ಲೂಕೊಂದರಲ್ಲಿಯೇ ಪಶ್ಚಿಮಕ್ಕೆ ಕಾಫಿ ತೋಟದ ಧಣಿ, ಪೂರ್ವಕ್ಕೆ ಹಳೇಬೀಡಿನ ಬಯಲಿನಲ್ಲಿ ಮಳೆಗಾಗಿ ಬಾಯಿ ಬಿಡುವ ರೈತ. ತಾಲ್ಲೂಕಿಗೊಂದೇ ಅಂಕಿ ಎಂದರೆ ಇಬ್ಬರನ್ನೂ ಒಂದೇ ಕಂಬಳಿಯೊಳಗೆ ಸುತ್ತಿದಂತೆ. ಬೇಲೂರು, ಹಳೇಬೀಡು, ಸೋಮನಾಥಪುರಗಳ ದೇವಾಲಯಗಳು 2023ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು, ನಮಗೂ ಹೆಮ್ಮೆಯೇ. ಆದರೆ ಕಲ್ಲಿನ ಕುಸುರಿಯನ್ನು ನೋಡಿ ಕಲ್ಲು ಹೊತ್ತವನ ಊಟ ಎಂಥದಿತ್ತೆಂದು ಹೇಳಲಾಗದು. ರಾಷ್ಟ್ರದ ಒಟ್ಟು ವರಮಾನದ ಮಾತೂ ಹಾಗೆಯೇ.

ಯಾರ ವರಮಾನವನ್ನು ಯಾರು ಕೇಳುತ್ತಾರೆಂಬುದನ್ನೂ ಗಮನಿಸಿ. ಮಗಳ ವಿದ್ಯಾರ್ಥಿವೇತನಕ್ಕೆ ಬಡವನು ನಾಡಕಚೇರಿಗೆ ಅಲೆದು ಆದಾಯ ಪ್ರಮಾಣಪತ್ರ ತರಬೇಕು. ಪಡಿತರ ಚೀಟಿಗೂ ವರಮಾನದ ಮಿತಿಯುಂಟು. ಸಿರಿವಂತನ ಮೇಲಿದ್ದ ಲೆಕ್ಕಗಳೋ ಒಂದೊಂದಾಗಿ ಮುಚ್ಚಿಹೋದವು. ಸತ್ತವರ ಆಸ್ತಿಯ ಮೇಲಿನ ತೆರಿಗೆಯನ್ನು 1985ರಲ್ಲಿ ತೆಗೆದರು. 1957ರ ಸಂಪತ್ತಿನ ತೆರಿಗೆಯನ್ನು 2015ರ ಬಜೆಟ್ಟಿನಲ್ಲಿ ತೆಗೆದರು. ತೆರಿಗೆಯ ಹಣ ಹೋದದ್ದು ಒಂದು ನಷ್ಟ; ಯಾರಲ್ಲಿ ಎಷ್ಟಿದೆಯೆಂದು ತಿಳಿಯುವ ಕಿಟಕಿ ಮುಚ್ಚಿದ್ದು ಇನ್ನೊಂದು ನಷ್ಟ.

ಕಾಲದಿಂದ ಕಾಲಕ್ಕೆ ಹೋಲಿಸುವ ದಾರಿಯನ್ನೂ ಕೆಡಿಸಿದ್ದಾರೆ. 2017-18ರ ಖರ್ಚಿನ ಸಮೀಕ್ಷೆಯ ಫಲವನ್ನು ಗುಣಮಟ್ಟ ಸಾಲದೆಂದು ಹೇಳಿ 2019ರಲ್ಲಿ ತಡೆಹಿಡಿದರು. 2022-23ರ ಸಮೀಕ್ಷೆಯಲ್ಲಿ ಪ್ರಶ್ನೆ ಕೇಳುವ ಕ್ರಮವೇ ಬದಲಾಯಿತು. ಕೊಳಗವನ್ನು ಬದಲಿಸಿ ರಾಗಿ ಹೆಚ್ಚಾಯಿತೆನ್ನುವ ಮೊದಲು ಎರಡು ಸಲ ಯೋಚಿಸಬೇಡವೆ?

ವರಮಾನದ ಜೊತೆಗೆ ಆಯುಸ್ಸು, ವಿದ್ಯೆಗಳನ್ನೂ ಸೇರಿಸಿ ದೇಶಗಳನ್ನು ತೂಗುವ ಮಾನವ ಅಭಿವೃದ್ಧಿಯ ವರದಿಯನ್ನು ವಿಶ್ವಸಂಸ್ಥೆಯವರು 1990ರಿಂದ ಪ್ರಕಟಿಸುತ್ತಿದ್ದಾರೆ. 2025ರ ವರದಿಯಲ್ಲಿ 193 ದೇಶಗಳ ಪೈಕಿ ಭಾರತದ ಸ್ಥಾನ 130. ನೆರೆಯ ಶ್ರೀಲಂಕಾ ನಮಗಿಂತ ಮುಂದೆ. 1990ರಲ್ಲಿ 58 ವರ್ಷ ದಾಟಿದ್ದ ನಮ್ಮ ಸರಾಸರಿ ಆಯುಸ್ಸು 72ಕ್ಕೆ ಏರಿದೆ. ಇದನ್ನು ಅಲ್ಲಗಳೆಯುವುದು ತಪ್ಪಾದೀತು. ಆದರೆ ಅಸಮಾನತೆಯನ್ನು ಲೆಕ್ಕಕ್ಕೆ ಹಿಡಿದಾಗ ನಮ್ಮ ಅಂಕದಲ್ಲಿ ಶೇಕಡ 30.7 ಕಳೆದುಹೋಗುತ್ತದೆಂದು ಅದೇ ವರದಿ ಹೇಳುತ್ತದೆ. ಅದೇ ವರ್ಷ, ಅದೇ ದೇಶ: ಒಂದು ಕಡೆ ನಾಲ್ಕನೆಯ ಸ್ಥಾನ, ಇನ್ನೊಂದು ಕಡೆ ಈ ಕಡಿತ!

ಚಿಲ್ಲರೆ ವ್ಯಾಪಾರಿ ಬಂಧುಗಳು ಇದು ಕೂಲಿಗಾರರ ತಕರಾರೆಂದು ಸುಮ್ಮನಿರಬಾರದು. ಕೂಲಿಗಾರನ ಜೇಬು ಬರಿದಾದರೆ ತುಂಬುವುದು ನಿಮ್ಮ ಗಲ್ಲಾಪೆಟ್ಟಿಗೆಯಲ್ಲ, ನಿಮ್ಮ ಸಾಲದ ಪುಸ್ತಕ. ಆ ಪುಸ್ತಕವು ಯಾವ ಸೂಚ್ಯಂಕಕ್ಕಿಂತಲೂ ಕಡಿಮೆಯ ಸಾಕ್ಷಿಯಲ್ಲ.

ಹಿಂದೆ ಹಲವು ಸಲ ಕೈಹಾಕಿ ಕೈಬಿಟ್ಟ ವರಮಾನದ ಸಮೀಕ್ಷೆಯನ್ನು 2026ರಲ್ಲಿ ದೇಶದಾದ್ಯಂತ ನಡೆಸುವುದಾಗಿ ಕೇಂದ್ರ ಸರ್ಕಾರವು 2025ರಲ್ಲಿ ಸಾರಿತು. ಇದು ಆಗಲೇಬೇಕಾದ ಕೆಲಸ, ನಾವು ಸ್ವಾಗತಿಸುತ್ತೇವೆ. ನಮ್ಮ ಒತ್ತಾಯಗಳು ಮೂರು. ಫಲ ಏನೇ ಬರಲಿ, ಬಚ್ಚಿಡದೆ ಪ್ರಕಟಿಸಬೇಕು. ಬಂಗಲೆಯ ಗೇಟಿನಿಂದ ಸಮೀಕ್ಷೆಯವರು ಹಿಂದಿರುಗದಂತೆ, ತೆರಿಗೆಯ ಕಡತಗಳ ಅಂಕಿಗಳನ್ನೂ ಪಕ್ಕಕ್ಕಿಟ್ಟು ತಾಳೆ ನೋಡಬೇಕು. ಕೂಲಿಗಾರನ ಸಾಲವನ್ನು ಸಾಲವೆಂದೇ ಬರೆಯಬೇಕು, ಸುಖವೆಂದಲ್ಲ. ಕೂಲಿಯ ದರ, ಪಡಿತರ, ಆಸ್ಪತ್ರೆ, ತೆರಿಗೆ ಎಲ್ಲವೂ ಈ ಲೆಕ್ಕದ ಮೇಲೆಯೇ ನಿಲ್ಲುವುವು. ತಕ್ಕಡಿ ಹಿಡಿದವನನ್ನು ನಂಬುವ ಮೊದಲು ತೂಕದ ಕಲ್ಲನ್ನು ತಿರುಗಿಸಿ ನೋಡುವುದು ಸಂತೆಗೆ ಹೋಗುವ ನಮ್ಮ ಜನಕ್ಕೆ ಗೊತ್ತಿರುವ ವಿದ್ಯೆ. ಸರ್ಕಾರದ ತಕ್ಕಡಿಯ ಮುಂದೆಯೂ ಅದನ್ನು ಮರೆಯದಿರೋಣ.