ಮೆಟ್ಟಿಲು ಗೋದಾಮಲ್ಲ

ಮಕ್ಕಳೇ, ಈ ವಾರ ನಿಮಗೊಂದು ಪತ್ತೇದಾರಿ ಕೆಲಸ. ಅಪ್ಪ, ಅಮ್ಮ, ಅಜ್ಜಿ, ತಾತ ಹೀಗೆ ದೊಡ್ಡವರೊಬ್ಬರನ್ನು ಜೊತೆಗೆ ಕರೆದುಕೊಳ್ಳಿ. ನಾವು ನೋಡಬೇಕಾದದ್ದು ಎರಡೇ ವಿಷಯ: ಬೆಂಕಿ ಬರುವ ದಾರಿ ಮುಚ್ಚಿದೆಯೇ? ನಾವು ಹೊರಗೆ ಹೋಗುವ ದಾರಿ ತೆರೆದಿದೆಯೇ?

ಮೊದಲು ಅಡುಗೆಮನೆ. ಸಿಲಿಂಡರಿನ ಅನಿಲಕ್ಕೆ ತನ್ನದೇ ವಾಸನೆ ಇರುವುದಿಲ್ಲ. ಸೋರಿದರೆ ತಿಳಿಯಲಿ ಎಂದೇ ಅದಕ್ಕೆ ಕೆಟ್ಟ ವಾಸನೆಯ ವಸ್ತು ಬೆರೆಸುತ್ತಾರೆ. ಅದು ಗಾಳಿಗಿಂತ ಭಾರ. ಸೋರಿದ್ದು ಮೇಲೇರಿ ಹೋಗದೆ ನೆಲದ ಹತ್ತಿರ ತುಂಬಿಕೊಳ್ಳುತ್ತದೆ. ವಾಸನೆ ಬಂದರೆ ಯಾವ ಸ್ವಿಚ್ಚನ್ನೂ ಮುಟ್ಟಬೇಡಿ. ಹಾಕಿದರೂ ಆರಿಸಿದರೂ ಕಿಡಿ ಹಾರಬಹುದು. ದೊಡ್ಡವರು ರೆಗ್ಯುಲೇಟರ್ ಬಂದ್ ಮಾಡಿ ಬಾಗಿಲು, ಕಿಟಕಿ ತೆರೆಯಲಿ. ಎಲ್ಲರೂ ಹೊರಗೆ ಬಂದ ಮೇಲೆ 1906ಕ್ಕೆ ಫೋನ್ ಮಾಡಿ.

ಬಾಣಲೆಯ ಎಣ್ಣೆಗೆ ಬೆಂಕಿ ಹತ್ತಿದರೆ ನೀರು ಹಾಕಲೇಬಾರದು. ನೀರು ಎಣ್ಣೆಯ ತಳಕ್ಕಿಳಿದು, ಒಮ್ಮೆಗೇ ಆವಿಯಾಗಿ, ಉರಿಯುವ ಎಣ್ಣೆಯನ್ನು ಸುತ್ತಲೂ ಎರಚುತ್ತದೆ. ದೊಡ್ಡವರು ಒಲೆ ಆರಿಸಿ, ಬಾಣಲೆಯ ಮೇಲೆ ತಟ್ಟೆ ಮುಚ್ಚಬೇಕು. ಗಾಳಿ ಸಿಗದೆ ಬೆಂಕಿ ಆರುತ್ತದೆ.

ಇನ್ನು ಪ್ಲಗ್ಗುಗಳು. ಒಂದೇ ಎಕ್ಸ್‌ಟೆನ್ಷನ್ ಬಾಕ್ಸಿಗೆ ಇಸ್ತ್ರಿಪೆಟ್ಟಿಗೆ, ಹೀಟರ್ ಎಲ್ಲ ಸಿಕ್ಕಿಸಿದ್ದಾರೆಯೇ? ಪ್ಲಗ್ಗಿನ ಸುತ್ತ ಕಪ್ಪಾಗಿದೆಯೇ? ನೀವು ಮುಟ್ಟಬೇಡಿ, ನೋಡಿ ಹೇಳಿ. ದೇವರ ದೀಪದ ಹತ್ತಿರ ಪರದೆ ಹಾರಾಡುತ್ತಿದ್ದರೆ ಅದನ್ನೂ ಹೇಳಿ.

ಈಗ ಮನೆಯ ಹೊರಗೆ ಬನ್ನಿ. ನಾನಿರುವ ಕಟ್ಟಡದಲ್ಲಿ ಎಲ್ಲರೂ ಲಿಫ್ಟನ್ನೇ ಬಳಸುವುದರಿಂದ ಮೆಟ್ಟಿಲು ಗೋದಾಮಾಗಿತ್ತು. ಚಪ್ಪಲಿ ಸ್ಟ್ಯಾಂಡು, ಹಳೇ ಸೈಕಲ್ಲು, ರಟ್ಟಿನ ಪೆಟ್ಟಿಗೆ, ಕೆಳಗೆ ಚಾರ್ಜಿಗಿಟ್ಟ ಸ್ಕೂಟರು. “ಅಲ್ಲಿ ಯಾರು ಓಡಾಡ್ತಾರೆ ಬಿಡಿ” ಎನ್ನುವುದು ಎಲ್ಲರ ಉತ್ತರ. ಸಭೆಯಲ್ಲಿ ನಾನು ಕಾರ್ಲ್‌ಟನ್ ಟವರ್ಸ್ ವಿಷಯ ಎತ್ತಿದೆ.

ಅದು ಬೆಂಗಳೂರಿನ ಹಳೇ ವಿಮಾನ ನಿಲ್ದಾಣ ರಸ್ತೆಯ ಕಚೇರಿ ಕಟ್ಟಡ. 2010ರ ಫೆಬ್ರವರಿ 23ರಂದು ಅಲ್ಲಿ ಬೆಂಕಿ ಬಿತ್ತು. ಹೊಗೆ ಮೇಲಿನ ಮಹಡಿಗಳನ್ನು ತುಂಬಿತು. ತುರ್ತಾಗಿ ಹೊರಹೋಗುವ ದಾರಿಗಳು ಮುಚ್ಚಿದ್ದವು. ಉಸಿರುಕಟ್ಟಿ ಕಿಟಕಿಯಿಂದ ಹಾರಿದವರೂ ಇದ್ದರು. 9 ಜನ ತೀರಿಕೊಂಡರು.

ಇಷ್ಟು ಕೇಳಿದ ಮೇಲೆ ಯಾರೂ ವಾದಿಸಲಿಲ್ಲ. ಆ ಭಾನುವಾರವೇ ಮೆಟ್ಟಿಲು ಖಾಲಿಯಾಯಿತು.

ಬೆಂಕಿಗಿಂತ ಮೊದಲು ನಮ್ಮನ್ನು ಮುಟ್ಟುವುದು ಹೊಗೆ. ಅದು ಮೇಲಕ್ಕೇರುತ್ತದೆ, ನೆಲದ ಹತ್ತಿರ ಉಸಿರಾಡುವ ಗಾಳಿ ಉಳಿದಿರುತ್ತದೆ. ಅದಕ್ಕೇ ಹೊಗೆಯಲ್ಲಿ ಬಗ್ಗಿ, ಇಲ್ಲವೇ ಅಂಬೆಗಾಲಿಟ್ಟು ಹೋಗಬೇಕು. ಲಿಫ್ಟ್ ಹತ್ತಬಾರದು, ಕರೆಂಟು ಹೋದರೆ ನಡುವೆ ಸಿಕ್ಕಿಬೀಳುತ್ತೀರಿ. ಮೆಟ್ಟಿಲಿನ ಕಡೆಯ ಬಾಗಿಲು ಮುಚ್ಚಿರಲಿ, ಅದು ಹೊಗೆ ತಡೆಯುತ್ತದೆ. ಆದರೆ ಬೀಗ ಬೇಡ, ಅದು ಮನುಷ್ಯರನ್ನು ತಡೆಯುತ್ತದೆ.

ಹಾಗಾದರೆ ಪತ್ತೇದಾರರೇ, ನಿಮ್ಮ ಮಹಡಿಯಿಂದ ರಸ್ತೆಯವರೆಗೆ ಮೆಟ್ಟಿಲಿಳಿದು ಹೋಗಿ. ದಾರಿಯಲ್ಲಿ ಸಿಕ್ಕ ಸಾಮಾನುಗಳನ್ನೂ ಬೀಗ ಬಿದ್ದ ಬಾಗಿಲುಗಳನ್ನೂ ಪಟ್ಟಿ ಮಾಡಿ. ಗೋಡೆಯ ಮೇಲಿನ ಕೆಂಪು ಅಗ್ನಿಶಾಮಕದಲ್ಲಿ ಮುಳ್ಳು ಇದ್ದರೆ ಅದು ಹಸಿರು ಪಟ್ಟಿಯಲ್ಲಿದೆಯೇ ನೋಡಿ. ಹೊರಗೆ ಬಂದ ಮೇಲೆ ಮನೆಯವರೆಲ್ಲ ಎಲ್ಲಿ ಸೇರಬೇಕು ಎಂದು ಒಂದು ಮರವನ್ನೋ ಗೇಟನ್ನೋ ಗೊತ್ತುಮಾಡಿಕೊಳ್ಳಿ. ಬೆಂಕಿ ಬಿದ್ದಾಗ ಅಲ್ಲಿಗೆ ಬಂದವರು ಆಟಿಕೆ, ಪುಸ್ತಕ ಏನೇ ಉಳಿದಿದ್ದರೂ ಮತ್ತೆ ಒಳಗೆ ಹೋಗಬಾರದು. 101 ಅಥವಾ 112ಕ್ಕೆ ಫೋನ್ ಮಾಡಿ, ವಿಳಾಸ ಸ್ಪಷ್ಟವಾಗಿ ಹೇಳಬೇಕು. ನಿಮ್ಮ ವಿಳಾಸ ನಿಮಗೆ ಬಾಯಿಪಾಠ ಬರುತ್ತದೆ ತಾನೇ?

ಪಟ್ಟಿಯನ್ನು ನಿಮ್ಮ ಸಂಘದ ಕಾರ್ಯದರ್ಶಿಯ ಕೈಗೆ ಕೊಡಿ. ಅವರು ಏನಂದರು, ಮೆಟ್ಟಿಲು ಖಾಲಿಯಾಯಿತೇ ಎಂದು ನನಗೂ ಒಂದು ಸಾಲು ಬರೆಯಿರಿ.