ಮಾಟಗಾತಿಯೇ ಇಲ್ಲದ ಮಾಟದ ಚಿತ್ರ



ರಾಯಚೂರಿನ ಬಿಸಿಲಿನಲ್ಲಿ ಮಧ್ಯಾಹ್ನ ಯಾರು ಹೊರಗೆ ಹೋಗ್ತಾರೆ ಹೇಳಿ? ಊಟ, ಪಾತ್ರೆ ಮುಗಿಸಿ ಟೀವಿ ಮುಂದೆ ಕೂತಾಗ 1968ರ ಇಂಗ್ಲಿಷ್ ಚಿತ್ರ 'ವಿಚ್‌ಫೈಂಡರ್ ಜನರಲ್' ಸಿಕ್ಕರೆ ನೋಡಿ. ಮಸುಕಾಗಿದ್ದ ಹಳೆಯ ಚಿತ್ರವನ್ನು ಹಿತ್ತಾಳೆ ತಂಬಿಗೆ ಬೆಳಗಿದ ಹಾಗೆ ಚೊಕ್ಕ ಮಾಡಿ, ಹೈ ಡೆಫಿನಿಷನ್‌ನಲ್ಲಿ ತಂದಿದ್ದಾರೆ. ಭಾಷೆ ಪೂರ್ತಿ ತಿಳಿಯದಿದ್ದರೂ ನಡೆಯುತ್ತದೆ. ಮಕ್ಕಳನ್ನು ಮಾತ್ರ ಕೂಡಿಸಿಕೊಳ್ಳಬೇಡಿ, ಹಿಂಸೆ ಬಹಳ.

ಕಥೆ 1645ರ ಇಂಗ್ಲೆಂಡಿನದು. ಅಂತರ್ಯುದ್ಧದ ಕಾಲ. ಮ್ಯಾಥ್ಯೂ ಹಾಪ್ಕಿನ್ಸ್ ಎಂಬಾತ ಊರೂರು ತಿರುಗಿ, 'ಮಾಟಗಾತಿ'ಯರನ್ನು ಹಿಡಿದುಕೊಟ್ಟು ಹಣ ಎಣಿಸಿಕೊಳ್ಳುತ್ತಾನೆ. ಇವನು ನಿಜವಾಗಿ ಇದ್ದವನು. ಸ್ಟೋಮಾರ್ಕೆಟ್ ಎಂಬ ಒಂದೇ ಊರು ಅವನಿಗೆ 23 ಪೌಂಡ್ ತೆತ್ತಿತ್ತು. ಆ ಕಾಲಕ್ಕೆ ಅದು ದೊಡ್ಡ ಗಂಟು. ಅವನ ಪಾತ್ರ ವಿನ್ಸೆಂಟ್ ಪ್ರೈಸ್ ಅವರದು.

ದೆವ್ವ ಈಗ ಬಂತು, ಆಗ ಬಂತು ಎಂದು ಕಾಯಬೇಡಿ. ಇಡೀ ಚಿತ್ರದಲ್ಲಿ ದೆವ್ವವೂ ಇಲ್ಲ, ಮಾಟಗಾತಿಯೂ ಇಲ್ಲ! ಚೊಕ್ಕ ಪ್ರತಿಯಲ್ಲಿ ಎದ್ದು ಕಾಣುವುದು ಸುಮ್ಮನೆ ನೋಡುತ್ತ ನಿಂತ ಊರವರ ಮುಖ. ಒಬ್ಬ ಹೆಂಗಸನ್ನು ಸುಟ್ಟ ಕೆಂಡದಲ್ಲಿ ಮಕ್ಕಳು ಆಲೂಗಡ್ಡೆ ಸುಟ್ಟುಕೊಳ್ಳುತ್ತಾರೆ. ಒಲೆಯ ಮುಂದೆ ಬದುಕು ಕಳೆದ ನಮಗೆ ಅದಕ್ಕಿಂತ ಭಯದ ನೋಟ ಬೇರೆ ಬೇಕೇ?

ದೂರದ ದೇಶದ ಕಥೆ ಎನ್ನುವಂತಿಲ್ಲ. ದೇವದುರ್ಗ, ಮಾನ್ವಿ ಕಡೆ ಭಾನಾಮತಿಯ ಹೆಸರು ಕೇಳದವರು ಯಾರು? ಕೂಸು ಹಾಲು ಬಿಟ್ಟರೆ, ಎಮ್ಮೆ ಒದ್ದರೆ, ಸೊಸೆ ನಾಯಿಯಂತೆ ಬೊಗಳಿದರೆ "ಆಕೀನ ಮಾಡ್ಸ್ಯಾಳ" ಎಂದು ಒಂಟಿ ಮುದುಕಿಯ ಕಡೆ ಬೆರಳು ತೋರಿಸುತ್ತಾರೆ. ಮಂತ್ರದ ಬಲ ಹೋಗಲೆಂದು ಹಲ್ಲು ಕಿತ್ತದ್ದೂ ಈ ಸೀಮೆಯಲ್ಲಿ ಉಂಟು. ಹೀಗೆ ಬೊಗಳುವುದು, ಮೈಮೇಲೆ ಬರುವುದು ಮನಸ್ಸಿನ ನೋವು ಹೊರಬೀಳುವ ಬಗೆ ಎಂದು ಮನೋವೈದ್ಯರು ಹೇಳುತ್ತಾರೆ.

ಹಾಗಾದರೆ ನಾವೇನು ಮಾಡಬೇಕು?

ನಲ್ಲಿಯ ಹತ್ತಿರ ಇಂಥ ಮಾತು ಬಂದರೆ ತಲೆಯಾಡಿಸಬೇಡಿ. "ನೀ ಕಣ್ಣಾರೆ ಕಂಡೀಯೇನವ್ವಾ?" ಎಂದು ಕೇಳಿ. ಕಾಯಿಲೆಯವರನ್ನು ಆಸ್ಪತ್ರೆಗೆ ಕರೆದೊಯ್ಯಿರಿ. ಸರ್ಕಾರದ ಟೆಲಿ ಮಾನಸ್ ದೂರವಾಣಿ 14416. ಮನಸ್ಸಿನ ತೊಂದರೆಗೆ ಅಲ್ಲಿ ದುಡ್ಡಿಲ್ಲದೆ ಸಲಹೆ ಸಿಗುತ್ತದೆ. ದೆವ್ವ ಬಿಡಿಸುತ್ತೇನೆಂದು ಕಟ್ಟಿ ಹೊಡೆಯುವುದು ಅಪರಾಧ. ಕರ್ನಾಟಕದ 2017ರ ಕಾಯ್ದೆ 2020ರಿಂದ ಜಾರಿಯಲ್ಲಿದೆ. ಜನ ಸೇರಿ ಯಾರ ಮೇಲಾದರೂ ಏರಿ ಹೋದರೆ ತಡಮಾಡದೆ 112ಕ್ಕೆ ತಿಳಿಸಿ.

ಇನ್ನೊಂದು ಮಾತು. ಹಬ್ಬದ ಹೋಳಿಗೆ ಬೀರುವಾಗ ಮೊದಲ ತಟ್ಟೆ ಓಣಿಯ ಆ ಒಂಟಿ ಮುದುಕಿಯ ಮನೆಗೇ ಹೋಗಲಿ, ಎಲ್ಲರೂ ನೋಡುವ ಹಾಗೆ. ನೀವು ಹೋಗಿಬರುವ ಮನೆಯ ಬಗ್ಗೆ ನಾಲಿಗೆ ಹರಿಬಿಡಲು ಜನ ಎರಡು ಸಲ ಯೋಚಿಸುತ್ತಾರೆ.